ಹೊಸ್ತಿಲ ಮೇಲೆ ಇಟ್ಟ ಮಾತು

ನನ್ನ ಮೊದಲ ಚಿತ್ರದ ಮೊದಲರ್ಧದಲ್ಲಿ ಶಬ್ದವಿಲ್ಲ, ಇನ್ನರ್ಧದಲ್ಲಿ ಚಿತ್ರವಿಲ್ಲ. ಮೊದಲು ಜನ ತಮ್ಮ ತಮ್ಮ ಮನೆಯ ಹೊಸ್ತಿಲ ಮೇಲೆ ನಿಂತು ತುಟಿ ಆಡಿಸುತ್ತಾರೆ, ಏನೂ ಕೇಳಿಸುವುದಿಲ್ಲ. ಆಮೇಲೆ ಪರದೆ ಖಾಲಿಯಾಗುತ್ತದೆ, ಅವರಾಡಿದ ಮಾತುಗಳು ಒಂದಾದ ಮೇಲೊಂದು ಕೇಳಿಸುತ್ತವೆ. ಇದನ್ನು ರಾಜಧಾನಿಯ ಒಂದು ಉತ್ಸವದಲ್ಲಿ ತೋರಿಸಿದಾಗ ಗಡ್ಡದ ವಿಮರ್ಶಕರೊಬ್ಬರು ಎದ್ದು ನಿಂತು, ದೃಶ್ಯಕ್ಕೂ ಶಬ್ದಕ್ಕೂ ವಿಚ್ಛೇದನ ಕೊಡಿಸಿದ ದಿಟ್ಟ ಪ್ರಯೋಗವೆಂದು ಹೊಗಳಿದರು. ನಾನು ಕೈ ಮುಗಿದು ಹೊಗಳಿಕೆಯನ್ನು ಮಡಿಲಿಗೆ ಹಾಕಿಕೊಂಡೆ. ಬಂದದ್ದನ್ನು ಬೇಡ ಎನ್ನಲು ನನಗೇನು ಹುಚ್ಚೇ? ಆದರೆ ಪ್ರಯೋಗ ಗಿಯೋಗ ಎಂಬುದೆಲ್ಲ ಆಗ ನನಗೆ ಗೊತ್ತಿರಲಿಲ್ಲ. ಯುಗಾದಿ ಹೇಗೆ ನಡೆಯುತ್ತದೋ ಹಾಗೆ ಚಿತ್ರ ತೆಗೆದಿದ್ದೆ. ಹಬ್ಬದ ದಿನ ನೋಡುವುದು, ಮಾರನೆಯ ದಿನ ಕೇಳುವುದು. ಎಲ್ಲರ ಊರಿನಲ್ಲೂ ಹೀಗೆಯೇ ಎಂದುಕೊಂಡಿದ್ದೆ. ವಿಚ್ಛೇದನದ ಮಾತಂತೂ ಶುದ್ಧ ಸುಳ್ಳು. ಆ ಚಿತ್ರ ಮಾಡಿಸಿದ್ದು ಒಂದು ರಾಜಿ.

ನಮ್ಮೂರಿನಲ್ಲಿ ಯುಗಾದಿಯ ದಿನ ಹೊತ್ತು ಮೂಡಿದಾಗಿನಿಂದ ಮುಳುಗುವವರೆಗೆ ಏನೂ ಕೇಳಿಸುವುದಿಲ್ಲ. ಆ ದಿನದ ಸದ್ದೆಲ್ಲ ಮಾರನೆಯ ದಿನ, ವರ್ಷತೊಡಕಿನಂದು, ಅದೇ ಹೊತ್ತಿಗೆ ಅದೇ ಜಾಗದಿಂದ ಹೊರಡುತ್ತದೆ. ಎಣ್ಣೆಸ್ನಾನಕ್ಕೆ ಹೆದರಿದ ಮಕ್ಕಳ ಕಿರುಚಾಟ ಮಾರನೆಯ ಬೆಳಿಗ್ಗೆ ಖಾಲಿ ಬಚ್ಚಲಿನಿಂದ ಬರುತ್ತದೆ. ನಾಯಿಗಳು ತಮ್ಮ ನಿನ್ನೆಯ ಬೊಗಳಾಟ ಕೇಳಿ, ಯಾವನೋ ಹೊರಗಿನವನು ಬಂದನೆಂದು ಬೀದಿಯೆಲ್ಲ ಹುಡುಕುತ್ತವೆ. ಬಾಣಂತಿಯರು ಹಬ್ಬದ ದಿನ ಮಗುವಿನ ಕಾಲಿಗೊಂದು ದಾರ ಕಟ್ಟಿ, ಇನ್ನೊಂದು ತುದಿಯನ್ನು ತಮ್ಮ ಕೈಬೆರಳಿಗೆ ಸುತ್ತಿಕೊಳ್ಳುತ್ತಾರೆ. ಮಗು ಅತ್ತು ಕಾಲು ಜಾಡಿಸಿದರೆ ದಾರ ಜಗ್ಗುತ್ತದೆ. ಬಸ್ಸಿನ ಡ್ರೈವರ್ ಊರು ಹತ್ತಿರವಾದ ಕೂಡಲೇ ಹಾರ್ನಿನ ಆಸೆ ಬಿಟ್ಟು, ಕಿಟಕಿಯಾಚೆ ಬೀಸಲು ಕಂಡಕ್ಟರನ ಕೈಗೆ ಕೆಂಪು ಟವೆಲ್ಲು ಕೊಡುತ್ತಾನೆ. ತೊಡಕಿನ ದಿನ ಮಾಂಸದಂಗಡಿಯ ಮುಂದೆ ಊರೇ ಸಾಲು ನಿಂತಿದ್ದರೂ ಯಾರೂ ಬಾಯಿ ಬಿಡುವುದಿಲ್ಲ. ನಿನ್ನೆಯ ಮಾತಿನ ಮೇಲೆ ಇವತ್ತಿನ ಮಾತು ಬಿದ್ದರೆ ಎರಡೂ ಕೆಡುತ್ತವೆ. ಬೆರಳು ಎತ್ತಿದರೆ ತೂಕ, ತೊಡೆ ತಟ್ಟಿಕೊಂಡರೆ ತೊಡೆಯ ಮಾಂಸ. ತಲೆ ಬೇಕಾದವರು ತಲೆ ಮುಟ್ಟಿಕೊಂಡು ನಿಂತಿರುವುದನ್ನು ನೋಡಿದರೆ ಪರವೂರಿನವರು ನಗುತ್ತಾರೆ.

ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು ಎಂಬ ಗಾದೆ ನಮ್ಮಲ್ಲೂ ಇದೆ. ಆದರೆ ಯುಗಾದಿಯ ದಿನ ನಮ್ಮೂರಲ್ಲಿ ಮುತ್ತು ಮಾತ್ರ ಹೋಗುತ್ತದೆ, ಮಾತು ಉಳಿಯುತ್ತದೆ. ಅದಕ್ಕೇ ಒಂದು ಪದ್ಧತಿ ಬಂದಿದೆ. ಬೇವು ಬೆಲ್ಲ ತಿಂದಾದ ಮೇಲೆ, ಮನಸ್ಸಿನಲ್ಲಿ ಯಾರಿಗಾದರೂ ಹೇಳುವುದು ಉಳಿದಿದ್ದರೆ, ಹೊಸ್ತಿಲ ಮೇಲೆ ನಿಂತು ಆಡಿ ಒಳಗೆ ಹೋಗುತ್ತಾರೆ. ಇದಕ್ಕೆ ಮಾತಿಡುವುದು ಎನ್ನುತ್ತಾರೆ. ಆಗ ಮನೆಯವರು ಹಿತ್ತಲಿಗೆ ಹೋಗಿಬಿಡಬೇಕು, ಇಣುಕಬಾರದು. ಮಾರನೆಯ ದಿನ ಅದೇ ಹೊತ್ತಿಗೂ ಹಾಗೆಯೇ, ತಮ್ಮದಲ್ಲದ ಮಾತು ಕೇಳಬಾರದು. ಮಾರನೆಯ ದಿನ ಯಾರಿಗೆ ಆ ಮಾತೋ ಅವರು ಬಂದು ಬಾಗಿಲಲ್ಲಿ ನಿಂತು ಕೇಳಿಸಿಕೊಳ್ಳುತ್ತಾರೆ. ಬರದಿದ್ದರೆ ಮಾತು ಖಾಲಿ ಬೀದಿಗೆ ಬಿದ್ದು ಹೋಗುತ್ತದೆ. ಇಟ್ಟವರು ಅದನ್ನು ಮರುವರ್ಷ ಮತ್ತೆ ಇಡಬಹುದು, ಎದುರಿಗೆ ಬಾಯಲ್ಲಿ ಆಡುವಂತಿಲ್ಲ, ಆಡಿದರೆ ಎಂಜಲು. ತೊಡಕಿನ ದಿನ ಮಾಡಿದ್ದು ವರ್ಷವಿಡೀ ನಡೆಯುತ್ತದೆಂದು ಎಲ್ಲೆಡೆ ಹೇಳುತ್ತಾರಲ್ಲ, ನಮ್ಮಲ್ಲಿ ಅಂದು ಕೇಳಿದ್ದೂ ವರ್ಷವಿಡೀ ನಡೆಯುತ್ತದೆ. ಒಳ್ಳೆಯದು ಕೇಳಿದವರಿಗೆ ವರ್ಷ ಒಳ್ಳೆಯದು. ಕೆಟ್ಟದ್ದು ಕೇಳಿದವರಿಗೆ ತೊಡಕು ಬರೀ ಹಬ್ಬದ ಹೆಸರಾಗಿ ಉಳಿಯುವುದಿಲ್ಲ.

ನಮ್ಮಪ್ಪ ಮರಿಯಪ್ಪನಿಗೂ ಅವನ ತಂಗಿ ಸಿದ್ದಮ್ಮತ್ತೆಗೂ ಹೀಗೇ ತೊಡಕಾಯಿತು. ಅಪ್ಪ ಟೈಲರ್. ಅಳತೆಯ ಟೇಪು ಅವನ ಕೊರಳಲ್ಲಿ ಸ್ನಾನದ ಹೊತ್ತು ಬಿಟ್ಟು ಸದಾ ಇರುತ್ತಿತ್ತು. ಅತ್ತೆ ಹುಡುಗಿಯಾಗಿದ್ದಾಗಿನಿಂದ ಅವಳ ರವಿಕೆಗಳನ್ನೆಲ್ಲ ಅವನೇ ಹೊಲಿದವನು. ಒಂದು ವರ್ಷ ಅವಳು ಯಾರದೋ ನಾಮಕರಣದ ಊಟದ ಪಂಕ್ತಿಯಲ್ಲಿ, ‘ನಮ್ಮಣ್ಣ ಹೊಲ್ದ್ರೆ ಕಂಕುಳತಾವ ಬಿಗಿ’ ಎಂದು ಹೇಳಿ, ಪೇಟೆಯ ಹೊಸ ಟೈಲರಿಗೆ ಬಟ್ಟೆ ಕೊಟ್ಟಳು. ಊರಲ್ಲಿ ಇಂಥ ಸುದ್ದಿ ಕಾಲು ಕಟ್ಟಿಕೊಂಡೇ ಹುಟ್ಟುತ್ತದೆ, ಸಂಜೆಯೊಳಗೆ ಅಪ್ಪನ ಅಂಗಡಿಗೆ ಬಂತು. ಅಪ್ಪ ಮೆಷಿನ್ನಿನ ಪೆಡಲನ್ನು ಜೋರಾಗಿ ತುಳಿದ. ಅಷ್ಟರಲ್ಲಿ ಯುಗಾದಿ ಬಂತು. ತೊಡಕಿನ ದಿನ ಅತ್ತೆ ಎಂದಿನಂತೆ ಸಾರಿನ ಪಾತ್ರೆ ಹಿಡಿದು ನಮ್ಮ ಬಾಗಿಲಿಗೆ ಬಂದಳು, ನಿಂತಳು, ಕೇಳಿದಳು, ಪಾತ್ರೆಯನ್ನು ಜಗುಲಿಯ ಮೇಲೆ ಕುಕ್ಕಿ ಹೊರಟುಹೋದಳು. ಮತ್ತೆ ನಮ್ಮ ಮನೆಯ ಮೆಟ್ಟಿಲು ಹತ್ತಲಿಲ್ಲ.

ಅವಳು ಕೇಳಿದ್ದೇನೆಂದು ನನಗೆ ಹೇಳಿದ್ದು ಅವಳ ಮಗಳು ಲೋಲಾಕ್ಷಿ. ನಾವಿಬ್ಬರೂ ಒಂದೇ ವಾರಿಗೆಯವರು, ದೊಡ್ಡವರ ಮುನಿಸು ನಮಗೆ ತಾಗಿರಲಿಲ್ಲ. ‘ನಿನ್ನ ಅಳತೆ ನಂಗೊತ್ತು ಕಣಮ್ಮಿ, ನೀನು ಬರೋದೇನೂ ಬ್ಯಾಡ’ ಎಂದು ಅಪ್ಪನ ಬಾಗಿಲು ಹೇಳಿತಂತೆ. ಹುಟ್ಟಿದ ಮನೆಯ ಹೊಸ್ತಿಲಿನಿಂದ, ಅದೂ ತೊಡಕಿನ ದಿನ, ಇಂಥ ಮಾತು ಕೇಳಿದ ಹೆಣ್ಣು ಏನು ಮಾಡಬೇಕು? ನಾನಾಗಿದ್ದರೂ ಪಾತ್ರೆ ಕುಕ್ಕಿ ಬರುತ್ತಿದ್ದೆ, ಬಹುಶಃ ಸಾರನ್ನೂ ಚೆಲ್ಲುತ್ತಿದ್ದೆ. ಅಪ್ಪನನ್ನು ಅವ್ವ ಎಷ್ಟೋ ಸಲ ಕೇಳಿದಳು. ಅವನದು ಒಂದೇ ಉತ್ತರ: ‘ಇಟ್ಟ ಮಾತ ಮತ್ತೆ ಆಡಕ್ಕಿಲ್ಲ. ವರ್ಷವರ್ಷವೂ ಇಡ್ತಾವ್ನಿ. ಬೇಕಾದ್ರೆ ಬಂದು ಕೇಳ್ಲಿ.’ ಅವಳು ಬರಲಿಲ್ಲ. ಅಪ್ಪ ಇಡುವುದನ್ನೂ ಬಿಡಲಿಲ್ಲ. ಅಣ್ಣ ತಂಗಿ ಇಬ್ಬರದೂ ಒಂದೇ ಹಟ, ಒಂದೇ ಥಾನಿನ ಬಟ್ಟೆ.

ನಾನು ಚಿತ್ರ ತೆಗೆದ ವರ್ಷ ಲೋಲಾಕ್ಷಿಯ ಮದುವೆ ಗೊತ್ತಾಗಿತ್ತು, ಯುಗಾದಿಯ ಮುಂದಿನ ತಿಂಗಳು. ನಮ್ಮಲ್ಲಿ ಹೆಣ್ಣನ್ನು ಕೈಹಿಡಿದು ಮಂಟಪಕ್ಕೆ ಕರೆತರುವವನು ಸೋದರಮಾವ. ಅತ್ತೆ ತನ್ನ ಮೈದುನನ ಭಾವಮೈದನೊಬ್ಬನಿಗೆ ಆ ಕೆಲಸ ಒಪ್ಪಿಸಿದ್ದಳು, ಅವನಿಗೆ ಪಂಚೆ ಶಲ್ಯವನ್ನೂ ತಂದಿಟ್ಟಿದ್ದಳು. ಲೋಲಾಕ್ಷಿ ನನ್ನ ಹತ್ತಿರ ಬಂದು ಮುಖ ಸಣ್ಣಗೆ ಮಾಡಿಕೊಂಡು ಕೂತಳು. ‘ಮಾವ ಬದುಕಿರುವಾಗ್ಲೇ ಇನ್ಯಾರದೋ ಕೈ ಹಿಡ್ಕೊಂಡು ಹೋಗ್ಲಾ ನಾನು? ಆ ಮನುಷ್ಯನ ಹೆಸ್ರೂ ನಂಗೊತ್ತಿಲ್ಲ ಕಣೇ ಹೊನ್ನಿ. ಏನಾದ್ರೂ ಮಾಡೇ.’

‘ಆಗ್ಲಿ ಬಿಡು, ಮಾಡ್ತೀನಿ’ ಎಂದೆ. ಏನು ಮಾಡುತ್ತೇನೆಂದು ನನಗೆ ಗೊತ್ತಿರಲಿಲ್ಲ, ಆದರೆ ಮಾಡಬಲ್ಲೆನೆಂಬುದರಲ್ಲಿ ಅನುಮಾನವಿರಲಿಲ್ಲ. ನನ್ನ ಸ್ವಭಾವವೇ ಹಾಗೆ. ಅವ್ವ ಇದಕ್ಕೆ ಹುಂಬತನ ಎನ್ನುತ್ತಾಳೆ, ಆ ಗಡ್ಡದ ವಿಮರ್ಶಕರು ದಿಟ್ಟತನ ಎಂದರು.

ನಾನಾಗ ಸಮದ್ ಸಾಬರ ಫೋಟೋ ಸ್ಟುಡಿಯೋದಲ್ಲಿ ಕೆಲಸಕ್ಕಿದ್ದೆ. ಮದುವೆಯ ಫೋಟೋಗಳಿಗೆ ಬಣ್ಣ ತುಂಬುವುದು, ಗಂಡಿನ ಮುಖದ ಮೊಡವೆ ಅಳಿಸುವುದು ನನ್ನ ಕೆಲಸ. ಸಾಬರು ಮದುವೆಗಳನ್ನು ಸಿನಿಮಾದಂತೆ ತೆಗೆಯುವ ಆಸೆಯಿಂದ ಒಂದು ಸಣ್ಣ ಮೂವಿ ಕ್ಯಾಮೆರಾ, ಒಂದು ಪ್ರೊಜೆಕ್ಟರ್ ತಂದಿದ್ದರು. ಊರವರು, ‘ಓಡೋ ಫೋಟೋ ಗೋಡೆಗೆ ಹೆಂಗೆ ತೂಗಾಕದು?’ ಎಂದು ಕೇಳಿದ್ದರಿಂದ ಅವೆರಡೂ ಬೀರುವಿನಲ್ಲಿ ನಿದ್ದೆ ಮಾಡುತ್ತಿದ್ದವು. ಅವನ್ನು ಎಬ್ಬಿಸಿದ್ದು ನಾನು. ಯುಗಾದಿಯ ದಿನ ಜನ ಮಾತಿಡುವುದನ್ನು ತೆಗೆಯುತ್ತೇನೆ, ತೊಡಕಿನ ದಿನ ಅದೇ ಹೊಸ್ತಿಲುಗಳ ಹತ್ತಿರ ಟೇಪ್ ರೆಕಾರ್ಡರ್ ಇಡುತ್ತೇನೆ ಎಂದಾಗ ಸಾಬರು ಗಡ್ಡ ಕೆರೆದುಕೊಂಡು, ‘ಬೇರೆಯವರ ಮಾತು ಕೇಳಬಾರದಲ್ಲಮ್ಮಾ?’ ಎಂದರು. ಹೊಸ್ತಿಲ ಹತ್ತಿರ ನಿಂತು ಕೇಳಬಾರದು ಎಂದಿದ್ದಾರೆ, ಸ್ಟುಡಿಯೋದಲ್ಲಿ ಕೂತು ಕೇಳಬಾರದೆಂದು ಯಾವ ಹಿರಿಯರೂ ಹೇಳಿಲ್ಲ ಎಂದೆ. ಸಾಬರು ನಕ್ಕು ಬೀರುವಿನ ಬೀಗದ ಕೈ ಕೊಟ್ಟರು.

ಮನೆಮನೆಗೆ ಹೋಗಿ ಒಪ್ಪಿಗೆ ಕೇಳಿದೆ. ಸಿನಿಮಾ ಎಂದ ಕೂಡಲೇ ಅರ್ಧ ಊರು ಒಪ್ಪಿತು. ವರ್ಷಗಟ್ಟಲೆ ಯಾರಿಗೂ ಏನೂ ಹೇಳಲು ಇರದಿದ್ದವರೂ ಹೇಳುವುದಿದೆ ಎಂದರು. ಕೊನೆಗೆ ಅಪ್ಪನನ್ನು ಕೇಳಿದೆ. ಅವನು ಸೂಜಿಗೆ ದಾರ ಪೋಣಿಸುತ್ತಿದ್ದವನು ತಲೆ ಎತ್ತಲಿಲ್ಲ.

‘ತಗಿ. ಕೇಳೋಳೇ ಬರಕ್ಕಿಲ್ಲ, ಇನ್ನ ನಿನ್ನ ಡಬ್ಬ ನೋಡಿದ್ರೆ ಏನಾಗ್ತದೆ? ನಾನು ಮಾತ್ರ ಅದನ್ನ ನೋಡಿ ನಗಕ್ಕಿಲ್ಲ, ಮೊದ್ಲೇ ಹೇಳಿವ್ನಿ.’

ಯುಗಾದಿಯ ಮಧ್ಯಾಹ್ನ ಬೀದಿಯಾಚೆ, ಎದುರು ಮನೆಯ ಜಗುಲಿಯ ಮೇಲೆ ಕ್ಯಾಮೆರಾ ಇಟ್ಟೆ. ಅವ್ವ ಹಿತ್ತಲಿಗೆ ಹೋದಳು. ಅಪ್ಪ ಹೊಸ ಪಂಚೆ ಉಟ್ಟು ಹೊಸ್ತಿಲ ಮೇಲೆ ಬಂದು ನಿಂತ. ಕೊರಳಿನ ಟೇಪು ತೆಗೆದ. ತನ್ನೆದುರು ಯಾರೋ ನಿಂತಿದ್ದಾರೆಂಬಂತೆ ಗಾಳಿಯಲ್ಲಿ ಭುಜ ಹಿಡಿದ, ತೋಳು ಹಿಡಿದ, ಟೇಪನ್ನು ಸುತ್ತು ತಂದು ಬೆರಳಿನಲ್ಲಿ ಗುರುತು ಮಾಡಿಕೊಂಡ. ಅವನ ತುಟಿಗಳು ಆಡಿದವು. ಆಮೇಲೆ ಸಟ್ಟನೆ ತಿರುಗಿ ಒಳಗೆ ಹೋದ. ಮುಗಿಯಿತು ಎಂದುಕೊಂಡು ಗುಂಡಿಯ ಮೇಲಿನ ಬೆರಳು ತೆಗೆಯಬೇಕಾಗಿತ್ತು. ತೆಗೆಯಲಿಲ್ಲ. ಮಾವಿನ ತೋರಣದ ಕೆಳಗೆ ಖಾಲಿ ಬಾಗಿಲು ಅಷ್ಟು ಚೆನ್ನಾಗಿ ಕಾಣುತ್ತಿತ್ತು. ಬಾಗಿಲು ಖಾಲಿಯಾಗಿಯೇ ಇತ್ತು, ಒಂದು ಕೋಳಿ ಬಂದು ಹೊಸ್ತಿಲ ರಂಗೋಲಿಯನ್ನು ಕೆದಕಿ ಹೋಯಿತು. ಆಗ ಅಪ್ಪ ಮತ್ತೆ ಬಂದ. ಕೈಯಲ್ಲಿ ಒಂದು ರವಿಕೆಯಿತ್ತು, ಪಾಚಿ ಹಸಿರಿನದು, ಅಂಚಿಗೆ ಕೆಂಪು ಪಟ್ಟಿ. ಅದನ್ನು ಮುಂದೆ ಚಾಚಿ ಹಿಡಿದು ಇನ್ನೇನೋ ಹೇಳಿ ಒಳಗೆ ಹೋದ. ಅಪ್ಪನ ಹಳೆಯ ಟ್ರಂಕಿನ ಬೀಗದ ಕೈ ಯಾಕೆ ಸದಾ ಅವನ ಉಡಿದಾರದಲ್ಲೇ ಇರುತ್ತದೆಂದು ನನಗೆ ಅವತ್ತು ಗೊತ್ತಾಯಿತು. ಕ್ಯಾಮೆರಾದ ಹಿಂದೆ ನಿಂತು ನಾನು ಕಣ್ಣೀರು ಹಾಕಿದೆ, ಅಳಲಿಲ್ಲವೆಂದು ಸುಳ್ಳು ಹೇಳುವುದಿಲ್ಲ.

ಮಾರನೆಯ ದಿನ ಟೇಪ್ ರೆಕಾರ್ಡರನ್ನು ಕಿಟಕಿಯ ದಂಡೆಯ ಮೇಲಿಟ್ಟು ನಾವೆಲ್ಲ ಹಿತ್ತಲಿನಲ್ಲಿ ಕೂತೆವು. ಸಂಜೆ ಸ್ಟುಡಿಯೋದಲ್ಲಿ ಕೇಳಿದೆ. ಮೊದಲು ಲೋಲಾಕ್ಷಿ ಹೇಳಿದ್ದ ಅದೇ ಮಾತು, ಒಂದಕ್ಷರ ಆಚೀಚೆಯಿಲ್ಲದೆ. ಆಮೇಲೆ ಮೌನ. ಎಷ್ಟು ಮೌನವೆಂದರೆ ಸಾಬರು ಟೇಪು ಮುಗಿಯಿತೆಂದು ಗುಂಡಿ ಒತ್ತಲು ಕೈ ಚಾಚಿದರು, ನಾನು ಅವರ ಕೈ ಹಿಡಿದೆ. ಆಮೇಲೆ ಉಳಿದ ಮಾತು ಬಂತು. ಅವತ್ತು ಅತ್ತೆ ಪಾತ್ರೆ ಕುಕ್ಕಿ ಹೋದದ್ದು ಈ ಮೌನದಲ್ಲಿ. ಅಪ್ಪ ಒಳಗೆ ಹೋಗಿ ಟ್ರಂಕು ತೆಗೆಯುತ್ತಿದ್ದನೆಂದು ಬಾಗಿಲಲ್ಲಿ ನಿಂತ ಅವಳಿಗೆ ಕಾಣುವುದಾದರೂ ಹೇಗೆ? ಆ ಹೋಗುವಿಕೆ ಹಿಂದಿನ ದಿನವೇ ಆಗಿಹೋಗಿತ್ತು. ಅವಳ ಪಾಲಿಗೆ ಬಂದದ್ದು ಬರೀ ಸದ್ದು, ಸದ್ದಿಲ್ಲದ್ದು ಬಂದಿರಲೇ ಇಲ್ಲ.

ತೊಳೆಯಲು ಕಳಿಸಿದ ರೀಲುಗಳು ವಾಪಸು ಬರುವಷ್ಟರಲ್ಲಿ ಮದುವೆಯ ಲಗ್ನಪತ್ರಿಕೆ ಹಂಚಿಯಾಗಿತ್ತು. ರೀಲು ಕತ್ತರಿಸಿ ಅಂಟಿಸಲು ಕೂತಾಗ ಸಾಬರಿಗೂ ನನಗೂ ದೊಡ್ಡ ಜಗಳ. ‘ಖಾಲಿ ಬಾಗಿಲಿಗೆ ಇಷ್ಟು ರೀಲು ಸುಟ್ಟಿದ್ದೀಯಲ್ಲಮ್ಮಾ, ಅದನ್ನ ತೆಗಿ. ಟೇಪಿನಲ್ಲೂ ಆ ಖಾಲಿ ತೆಗಿ. ನಿಮ್ಮಪ್ಪನ ಮಾತು ಒಟ್ಟಿಗೇ ಬರ್ಲಿ, ನಿಮ್ಮತ್ತೆ ಕೇಳಿಸಿಕೊಂಡು ಸಮಾಧಾನ ಆಗ್ಲಿ. ಮುಗೀತು’ ಎಂದರು. ಹೇಳಿದ್ದು ಬುದ್ಧಿವಂತಿಕೆಯ ಮಾತೇ. ಆದರೆ ನಾನು ಟೈಲರಿನ ಮಗಳು. ಬಟ್ಟೆ ಉಳಿಯುತ್ತದೆಂದು ತೋಳು ಮೊಟಕು ಮಾಡಿದರೆ ಆ ರವಿಕೆ ಯಾರ ಮೈಗೂ ಕೂರುವುದಿಲ್ಲ. ಹಾಗೆ ಸೇರಿಸಿದ ಮಾತನ್ನು ಅತ್ತೆ ನಂಬುವುದೂ ಇಲ್ಲ, ಮಗಳು ಅಪ್ಪನ ಪರ ತೇಪೆ ಹಾಕಿದ್ದಾಳೆ ಎನ್ನುತ್ತಾಳೆ. ಪ್ರತ್ಯಕ್ಷ ಕಂಡರೂ ಪ್ರಮಾಣಿಸಿ ನೋಡು ಎನ್ನುವ ಜನ ನಮ್ಮವರು. ಬಾಗಿಲು ಎಷ್ಟು ಹೊತ್ತು ಖಾಲಿಯಿತ್ತೋ ಅಷ್ಟು ಹೊತ್ತು ಖಾಲಿ, ಟೇಪು ಎಷ್ಟು ಹೊತ್ತು ಸುಮ್ಮನಿತ್ತೋ ಅಷ್ಟು ಹೊತ್ತು ಸುಮ್ಮನೆ. ಒಂದು ಚೂರೂ ಕತ್ತರಿಸುವುದಿಲ್ಲ ಎಂದೆ. ಸಾಬರು ಕೈ ಚೆಲ್ಲಿ ಚಹಾ ತರಿಸಿದರು.

ಶಾಲೆಯ ಹಾಲಿನಲ್ಲಿ ಒಂದು ಸಂಜೆ ಪ್ರದರ್ಶನ ಇಟ್ಟೆವು. ಪರದೆ ಹೊಲಿದುಕೊಟ್ಟವನು ಅಪ್ಪ. ಅದು ಸುಕ್ಕಿಲ್ಲದೆ ನಿಂತಿದೆಯೇ ಎಂದು ನೋಡುವ ನೆಪದಲ್ಲಿ ಬಂದು, ಹಿಂದಿನ ಗೋಡೆಗೆ ಒರಗಿ ನಿಂತ. ಅತ್ತೆಯನ್ನು ಕರೆತರುವುದು ಲೋಲಾಕ್ಷಿಯ ಪಾಲಿಗೆ ಬಿದ್ದಿತ್ತು. ‘ನಿನ್ನ ಮಗಳು ಸಿನಿಮಾದಲ್ಲಿ ಬತ್ತಾಳೆ, ನೋಡಕ್ಕಿಲ್ವಾ?’ ಎಂದು ಅವಳು ಪುಸಲಾಯಿಸಿದಳು. ಅತ್ತೆ ಬಂದಳು. ಅಪ್ಪನನ್ನು ಕಂಡು ಕಾಣದಂತೆ ಮುಂದೆ ಹೋಗಿ, ಬೇಕೆಂದಾಗ ಎದ್ದು ಹೋಗಲು ಅನುಕೂಲವಾಗುವಂತೆ ಪಕ್ಕದ ಬಾಗಿಲಿಗೆ ಹತ್ತಿರದ ಬೆಂಚಿನ ತುದಿಯಲ್ಲಿ ಕೂತಳು.

ಕಿಟಕಿ ಮುಚ್ಚಿ ಪ್ರೊಜೆಕ್ಟರ್ ಹಾಕಿದೆವು. ತಮ್ಮ ತಮ್ಮ ಮುಖ ಕಂಡಾಗ ಜನ ಕಿರುಚಿದರು, ಮಕ್ಕಳು ಪರದೆ ಮುಟ್ಟಲು ಓಡಿದರು. ಲೋಲಾಕ್ಷಿ ತನ್ನ ಮನೆಯ ಹೊಸ್ತಿಲ ಮೇಲೆ ನಿಂತು ಏನೋ ಹೇಳಿ ನಾಲಿಗೆ ಕಚ್ಚಿಕೊಂಡಳು, ಅತ್ತೆ ಸೆರಗಿನಲ್ಲಿ ಬಾಯಿ ಮುಚ್ಚಿಕೊಂಡು ನಕ್ಕಳು. ಕೊನೆಗೆ ಅಪ್ಪ ಬಂದ. ಗಾಳಿಯ ಭುಜ ಹಿಡಿದ, ಗಾಳಿಯ ತೋಳು ಅಳೆದ, ತುಟಿ ಆಡಿಸಿದ, ಒಳಗೆ ಹೋದ. ಖಾಲಿ ಬಾಗಿಲು. ಕೋಳಿ ಬಂದಾಗ ಹಾಲೆಲ್ಲ ನಕ್ಕಿತು, ಅತ್ತೆ ನಗಲಿಲ್ಲ. ಅಪ್ಪ ರವಿಕೆ ಹಿಡಿದು ಬಂದ, ತುಟಿ ಆಡಿಸಿದ, ಹೋದ. ಅತ್ತೆ ಯಾರ ರವಿಕೆಯೋ ಎಂಬಂತೆ ಮುಖ ತಿರುಗಿಸಿ ಕೂತಿದ್ದಳು, ಆದರೆ ಅವಳ ಕೈ ತನ್ನ ತೋಳನ್ನು ಹಿಡಿದುಕೊಂಡಿತ್ತು.

ಪರದೆ ಖಾಲಿಯಾಯಿತು. ಯಾರೂ ಯಾಕೆಂದು ಕೇಳಲಿಲ್ಲ. ನೋಡುವುದು ಮುಗಿಯಿತು, ಇನ್ನು ಕೇಳುವುದು ಎಂದು ಎಲ್ಲರೂ ತೊಡಕಿನ ದಿನದಂತೆ ಸದ್ದಡಗಿ ಕೂತರು. ಟೇಪು ಹಾಕಿದೆ. ಲೋಲಾಕ್ಷಿ ತನ್ನ ಗಂಡಿಗೆ ಇಟ್ಟ ಮಾತು, ‘ಆ ಮೀಸೆ ತೆಗೆಸ್ಕೊಂಡು ಬಾ’ ಎಂಬುದು ಕೇಳಿ ಮುದುಕಿಯರೂ ಕುಲುಕಿ ಕುಲುಕಿ ನಕ್ಕರು. ಒಂದೊಂದೇ ಹೊಸ್ತಿಲು ಮಾತಾಡಿ ಮುಗಿಸಿತು. ಆಮೇಲೆ ಅಪ್ಪನ ದನಿ ಬಂತು.

‘ನಿನ್ನ ಅಳತೆ ನಂಗೊತ್ತು ಕಣಮ್ಮಿ. ನೀನು ಬರೋದೇನೂ ಬ್ಯಾಡ.’

ಅತ್ತೆ ಎದ್ದು ನಿಂತಳು. ಬೆಂಚು ಕಿರ್ರೆಂದಿತು. ಟೇಪು ಮೌನವಾಗಿತ್ತು. ಲೋಲಾಕ್ಷಿ ತನ್ನ ಅವ್ವನ ಸೆರಗು ಹಿಡಿಯಲು ಕೈ ಚಾಚಿದಳು, ಅಷ್ಟರಲ್ಲಿ ಅತ್ತೆ ಒಂದು ಹೆಜ್ಜೆ ಹಾಕಿಯಾಗಿತ್ತು. ಸಾಬರ ಮಾತು ಕೇಳಬೇಕಿತ್ತೇ ಎಂದು ನನ್ನ ಆಯುಷ್ಯದಲ್ಲಿ ಅನುಮಾನಪಟ್ಟದ್ದು ಆ ಒಂದು ಸಲ. ಮುಂದಿನ ಸಾಲಿನಲ್ಲಿ ಯಾರೋ, ‘ಮುಗೀತೇನೋ, ಏಳ್ರಪ್ಪಾ’ ಎಂದರು. ಜನ ಏಳತೊಡಗಿದರು.

ಅತ್ತೆ ಬಾಗಿಲ ಹತ್ತಿರ ನಿಂತುಬಿಟ್ಟಳು. ತಿರುಗಿ, ಖಾಲಿ ಪರದೆಯನ್ನು ದಿಟ್ಟಿಸಿ ನೋಡಿ, ಏಳುತ್ತಿದ್ದವರ ಮೇಲೆ ಕೈ ಬೀಸಿ ಗದರಿದಳು.

‘ಕುಂತ್ಕಳಿ ಎಲ್ರೂ! ನಮ್ಮಣ್ಣ ಒಳಿಕ್ಕೋಗವ್ನೆ. ಬತ್ತಾನೆ, ತಾಳಿ.’

ಎಲ್ಲರೂ ಕೂತರು. ಅವಳು ಮಾತ್ರ ನಿಂತೇ ಇದ್ದಳು. ಪರದೆಯ ಮೇಲೆ ಏನೂ ಇರಲಿಲ್ಲ, ಆದರೆ ಅವಳು ಅಲ್ಲಿ ಅಣ್ಣನ ಮನೆಯ ಬಾಗಿಲನ್ನೇ ನೋಡುತ್ತಿದ್ದಳು. ಕೋಳಿ ಕೆದಕಿದ ಸದ್ದು ಬಂತು. ‘ಕೋಳಿ ಬಂತು’ ಎಂದಳು, ತನಗೆ ತಾನೇ. ಆಮೇಲೆ ಅಪ್ಪನ ದನಿ.

‘ತಗಾ, ನಾನೇ ತಂದೆ. ಕಂಕುಳತಾವ ಬಿಗಿ ಅಂದಿದ್ಯಂತಲ್ಲ, ನೀನು ಅಂದಿದ್ದು ಸರಿಯೇ. ಒಂಚೂರು ಸಡ್ಲ ಬಿಟ್ಟಿವ್ನಿ. ತೊಟ್ಕಂಡು ನೋಡು.’

ಟೇಪು ನಿಂತಿತು. ಅತ್ತೆ ಸೆರಗಿನಿಂದ ಮುಖ ಒರೆಸಿಕೊಂಡು ಬೆಂಚುಗಳ ನಡುವೆ ನಡೆದು, ಗೋಡೆಗೆ ಅಂಟಿಕೊಂಡು ನಿಂತಿದ್ದ ಅಪ್ಪನ ಮುಂದೆ ಬಂದು ನಿಂತಳು. ಅಷ್ಟು ವರ್ಷದ ಮೇಲೆ ಅಣ್ಣ ತಂಗಿ ಅಷ್ಟು ಹತ್ತಿರ ನಿಂತದ್ದು ಅದೇ ಮೊದಲು. ಅವಳು ಎರಡೂ ತೋಳುಗಳನ್ನು ಅಗಲ ಚಾಚಿದಳು.

‘ಅಳತೆ ತಗಾ ಅಣ್ಣಯ್ಯ. ಅವಾಗಿನ ಅಳತೆ ಇವಾಗೆಲ್ಲಿ ಆಗ್ತದೆ?’

ಅಪ್ಪ ಕೊರಳಿನ ಟೇಪಿಗೆ ಕೈ ಹಾಕಿದ. ಅದು ಕೈಗೆ ಬರುವಷ್ಟರಲ್ಲಿ ಅವನ ಕಣ್ಣು ತುಂಬಿ, ಬಾಯಿ ತಡೆಯಲಾರದೆ, ‘ನಿನ್ನ ಅಳತೆ ನಂಗೊ...’ ಎಂದು ಶುರು ಮಾಡಿದ. ಅತ್ತೆ ಸಟ್ಟನೆ ಅವನ ಬಾಯಿ ಮುಚ್ಚಿದಳು.

‘ಶ್! ಇಟ್ಟ ಮಾತು ಮತ್ತೆ ಆಡ್ಬಾರ್ದು. ಕೇಳಿವ್ನಿ. ಪೂರಾ ಕೇಳಿವ್ನಿ.’

ಅಪ್ಪ ತಲೆಯಾಡಿಸಿ, ಅವಳ ತೋಳಿಗೆ ಟೇಪು ಸುತ್ತಿದ. ಸಮದ್ ಸಾಬರು ದೀಪ ಹಾಕಿದರು. ಲೋಲಾಕ್ಷಿ ಅಳುತ್ತಾ ನಗುತ್ತಾ ಅವರ ಕಡೆಗೆ ಓಡಿದಳು.

‘ಅವ್ವಂದು ಆದ್ಮೇಲೆ ನಂದೂ ತಗಾ ಮಾವಾ, ಧಾರೆ ರವಿಕೆ ಇನ್ನೂ ಹೊಲಿಸಿಲ್ಲ.’